ಮೂರು ತಾಲ್ಲೂಕುಗಳು: ನೆಲದ ಲೆಕ್ಕ ಮತ್ತು ಜನದ ಲೆಕ್ಕ

(ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳ ಸಭೆಯಲ್ಲಿ ನೀಡಲಾದ ಉಪನ್ಯಾಸದ ಬರಹರೂಪ)



ಶಿವಮೊಗ್ಗ ಜಿಲ್ಲೆಯ ಭೂಪಟವನ್ನು ಮುಂದಿಟ್ಟುಕೊಂಡು ನೋಡಿದರೆ ಅದರ ಪಶ್ಚಿಮದ ಅಂಚಿನಲ್ಲಿ, ಸಹ್ಯಾದ್ರಿಯ ನೆತ್ತಿಯುದ್ದಕ್ಕೂ, ಉತ್ತರದಿಂದ ದಕ್ಷಿಣಕ್ಕೆ ಸಾಗರ, ಹೊಸನಗರ, ತೀರ್ಥಹಳ್ಳಿ ಎಂಬ ಮೂರು ತಾಲ್ಲೂಕುಗಳು ಸಾಲಾಗಿ ನಿಂತಿರುವುದು ಕಾಣುತ್ತದೆ. ಜಿಲ್ಲೆಯ ಒಟ್ಟು ವಿಸ್ತೀರ್ಣ 8,477 ಚದರ ಕಿಲೋಮೀಟರ್. ಅದರಲ್ಲಿ ಸಾಗರದ ಪಾಲು ಸುಮಾರು 1,900, ಹೊಸನಗರದ್ದು ಸುಮಾರು 1,400, ತೀರ್ಥಹಳ್ಳಿಯದು ಸುಮಾರು 1,250. ಏಳು ತಾಲ್ಲೂಕುಗಳ ಜಿಲ್ಲೆಯಲ್ಲಿ ಈ ಮೂರೇ ಸೇರಿ ಅರ್ಧಕ್ಕಿಂತ ಹೆಚ್ಚು ನೆಲವನ್ನು ಆವರಿಸಿವೆ.

ಈಗ ಜನದ ಲೆಕ್ಕವನ್ನು ನೋಡಬೇಕು. 2011ರ ಜನಗಣತಿಯಂತೆ ಜಿಲ್ಲೆಯ ಜನಸಂಖ್ಯೆ 17,52,753. ಸಾಗರ ತಾಲ್ಲೂಕಿನಲ್ಲಿ ಸುಮಾರು 2 ಲಕ್ಷ, ತೀರ್ಥಹಳ್ಳಿಯಲ್ಲಿ ಸುಮಾರು 1 ಲಕ್ಷ 40 ಸಾವಿರ, ಹೊಸನಗರದಲ್ಲಿ 1 ಲಕ್ಷ 15 ಸಾವಿರದ ಆಸುಪಾಸು ಜನ. ಮೂರನ್ನೂ ಕೂಡಿಸಿದರೆ ಜಿಲ್ಲೆಯ ಜನರಲ್ಲಿ ಕಾಲು ಭಾಗದಷ್ಟು ಮಾತ್ರ. ಅರ್ಧಕ್ಕೂ ಮಿಗಿಲಾದ ನೆಲ, ಕಾಲು ಪಾಲು ಜನ. ಮಲೆನಾಡಿನ ಶಾಲೆ, ಆಸ್ಪತ್ರೆ, ರಸ್ತೆ, ಅರಣ್ಯ, ಅಣೆಕಟ್ಟು, ಶಾಸನಸಭೆಯ ಸ್ಥಾನ ಇವೆಲ್ಲವುಗಳ ಚರ್ಚೆಯ ಹಿಂದೆ ಇರುವುದು ಈ ಒಂದು ಅನುಪಾತವೇ. ಆದ್ದರಿಂದ ಇದನ್ನು ಪಠ್ಯಪುಸ್ತಕದ ಅಂಕಿಅಂಶವೆಂದು ಓದಿ ಮರೆಯುವಂತಿಲ್ಲ.

ಎರಡು ಕಡಲಿಗೆ ಹರಿಯುವ ನೀರು

ಮೊದಲು ನೆಲದ ಸ್ವರೂಪ. ತೀರ್ಥಹಳ್ಳಿ ತಾಲ್ಲೂಕಿನ ಅಂಬುತೀರ್ಥದಲ್ಲಿ ಶರಾವತಿ ಹುಟ್ಟುತ್ತದೆ. ವಾಯವ್ಯಕ್ಕೆ ಹರಿದು ಹೊಸನಗರವನ್ನು ದಾಟಿ, ಸಾಗರ ತಾಲ್ಲೂಕನ್ನು ಹಾಯ್ದು, ಜೋಗದಲ್ಲಿ 253 ಮೀಟರ್ ಕೆಳಕ್ಕೆ ಧುಮುಕಿ, ಹೊನ್ನಾವರದ ಬಳಿ ಅರಬ್ಬಿ ಸಮುದ್ರವನ್ನು ಸೇರುತ್ತದೆ. ಅದರ ಒಟ್ಟು ಉದ್ದ 128 ಕಿಲೋಮೀಟರ್. ವಾರಾಹಿ ಮತ್ತು ಚಕ್ರಾ ನದಿಗಳೂ ಈ ಸೀಮೆಯ ನೀರನ್ನು ಹೊತ್ತು ಘಟ್ಟವಿಳಿದು ಪಶ್ಚಿಮದ ಕಡಲಿಗೇ ಹೋಗುತ್ತವೆ.

ಇದೇ ನೆಲದ ಇನ್ನೊಂದು ಮಗ್ಗುಲಿನ ನೀರು ಪೂರ್ವಕ್ಕೆ ಹರಿಯುತ್ತದೆ. ಗಂಗಾಮೂಲದಲ್ಲಿ ಹುಟ್ಟಿ ಶೃಂಗೇರಿಯ ಮಾರ್ಗವಾಗಿ ಬರುವ ತುಂಗೆ ತೀರ್ಥಹಳ್ಳಿಯನ್ನು ಹಾಯ್ದು ಶಿವಮೊಗ್ಗದತ್ತ ಸಾಗುತ್ತದೆ. ಹೊಸನಗರ ತಾಲ್ಲೂಕಿನ ಹುಂಚದ ಸಮೀಪದ ಬಿಲ್ಲೇಶ್ವರದಲ್ಲಿ ಕುಮುದ್ವತಿ ಹುಟ್ಟಿ ಶಿಕಾರಿಪುರದ ಕಡೆಗೆ ಹೋಗುತ್ತದೆ. ಸಾಗರದ ಬಳಿಯ ವರದಾಮೂಲದಲ್ಲಿ ಹುಟ್ಟುವ ವರದೆ ಹಾವೇರಿ ಸೀಮೆಯ ಹೊಲಗಳನ್ನು ಕಂಡು ತುಂಗಭದ್ರೆಯನ್ನು ಸೇರುತ್ತದೆ. ಹೀಗೆ ಒಂದೇ ಮಳೆಗಾಲದ ನೀರು ಇಲ್ಲಿಂದ ಎರಡು ಕಡಲುಗಳಿಗೆ ಹಂಚಿಹೋಗುತ್ತದೆ.

ಮಳೆಯೂ ಎಲ್ಲೆಡೆ ಒಂದೇ ಸಮನಾಗಿಲ್ಲ. ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,600 ಮಿಲಿಮೀಟರ್‌ನಷ್ಟು ಮಳೆ. 1946ರ ಆಗಸ್ಟ್ ಒಂದೇ ತಿಂಗಳಲ್ಲಿ ಅಲ್ಲಿ 4,508 ಮಿಲಿಮೀಟರ್ ಮಳೆ ದಾಖಲಾಯಿತು. ಹೊಸನಗರ ತಾಲ್ಲೂಕಿನ ಹುಲಿಕಲ್ ಕೂಡ ಆಗುಂಬೆಗೆ ಸರಿಸಾಟಿಯಾಗಿ ಮಳೆ ಪಡೆಯುವ ಊರು. ಘಟ್ಟದ ಅಂಚನ್ನು ಬಿಟ್ಟು ಪೂರ್ವಕ್ಕೆ ಸರಿದಂತೆ ಮಳೆ ಬೇಗಬೇಗನೆ ತಗ್ಗುತ್ತದೆ. ಆನಂದಪುರ, ರಿಪ್ಪನ್‌ಪೇಟೆಗಳ ಕಡೆ ಬರುವಷ್ಟರಲ್ಲಿ ಅರೆಮಲೆನಾಡಿನ ಲಕ್ಷಣಗಳು ಕಾಣತೊಡಗುತ್ತವೆ. ಒಂದೇ ತಾಲ್ಲೂಕಿನ ಒಂದು ಹೋಬಳಿಯಲ್ಲಿ ನಿತ್ಯಹರಿದ್ವರ್ಣದ ಕಾಡು, ಇನ್ನೊಂದು ಹೋಬಳಿಯಲ್ಲಿ ಎಲೆ ಉದುರುವ ಕಾಡು. ತಾಲ್ಲೂಕು ಕೇಂದ್ರದಲ್ಲಿ ಕುಳಿತು ಇಡೀ ತಾಲ್ಲೂಕಿಗೆ ಒಂದೇ ಯೋಜನೆಯನ್ನು ಬರೆಯುವುದು ಇಲ್ಲಿ ಯಾವ ಕಾಲಕ್ಕೂ ಸರಿಹೊಂದಿಲ್ಲ.

ಈ ನೆಲವೇ ಜನವಸತಿಯ ಕ್ರಮವನ್ನೂ ನಿರ್ಧರಿಸಿದೆ. ಬಯಲುಸೀಮೆಯಲ್ಲಿ ಊರೆಂದರೆ ಒತ್ತೊತ್ತಾಗಿ ಕಟ್ಟಿದ ಮನೆಗಳು, ಸುತ್ತಲೂ ಹೊಲ. ಮಲೆನಾಡಿನಲ್ಲಿ ಕಣಿವೆಯ ತಳದಲ್ಲಿ ಗದ್ದೆ, ಅದರ ಮಗ್ಗುಲಿಗೆ ಅಡಿಕೆ ತೋಟ, ತೋಟದ ಮೇಲ್ಗಡೆ ಮನೆ, ಮನೆಯ ಹಿಂದೆ ಸೊಪ್ಪಿನಬೆಟ್ಟ, ಅದರಾಚೆ ಕಾನು. ಒಂದು ಮನೆಯಿಂದ ಇನ್ನೊಂದು ಮನೆಗೆ ಹಳ್ಳ ದಾಟಿ, ಗುಡ್ಡ ಹತ್ತಿ ಹೋಗಬೇಕು. ಕಂದಾಯ ದಾಖಲೆಯಲ್ಲಿ ಒಂದು ಗ್ರಾಮ ಎಂದಿರುವುದು ನೆಲದ ಮೇಲೆ ಐದಾರು ಮಜರೆಗಳಾಗಿ ಚದುರಿರುತ್ತದೆ. ದಾಖಲೆಯಲ್ಲಿ ಹೆಸರಿದ್ದು ನೆಲದ ಮೇಲೆ ಒಂದೂ ಮನೆಯಿಲ್ಲದ ಬೇಚರಾಕ್ ಗ್ರಾಮಗಳೂ ಉಂಟು.

ಜನ ವಿರಳವಾದದ್ದು ಹೇಗೆ?

ಮಲೆನಾಡಿನಲ್ಲಿ ಮೊದಲಿನಿಂದಲೂ ಜನ ಕಡಿಮೆ, ಕಾಡು ಹೆಚ್ಚು ಎಂಬ ಮಾತು ಸಾಮಾನ್ಯವಾಗಿ ಕೇಳಿಬರುತ್ತದೆ. ಚರಿತ್ರೆ ಇದನ್ನು ಪೂರ್ತಿಯಾಗಿ ಒಪ್ಪುವುದಿಲ್ಲ. ಕೆಳದಿ ಅರಸರ ರಾಜಧಾನಿಗಳಾದ ಕೆಳದಿ ಮತ್ತು ಇಕ್ಕೇರಿ ಇಂದಿನ ಸಾಗರ ತಾಲ್ಲೂಕಿನಲ್ಲಿವೆ. ಆನಂತರದ ರಾಜಧಾನಿ ಬಿದನೂರು, ಅಂದರೆ ನಗರ, ಹೊಸನಗರ ತಾಲ್ಲೂಕಿನಲ್ಲಿದೆ. ಅವರ ಪ್ರಮುಖ ಕೋಟೆಗಳಲ್ಲಿ ಒಂದಾದ ಕವಲೇದುರ್ಗ ತೀರ್ಥಹಳ್ಳಿ ತಾಲ್ಲೂಕಿನಲ್ಲಿದೆ. ಘಟ್ಟದ ಮೇಲಿನ ಅಕ್ಕಿ, ಮೆಣಸು, ಅಡಿಕೆಗಳು ಕರಾವಳಿಯ ಬಂದರುಗಳಿಗೆ ಇಳಿಯುತ್ತಿದ್ದ ದಾರಿಗಳ ಮೇಲೆ ಬೆಳೆದ ನಾಡು ಇದು. 1763ರಲ್ಲಿ ಹೈದರಾಲಿಯು ಬಿದನೂರನ್ನು ಗೆದ್ದ ಮೇಲೆ ರಾಜ್ಯ ಅಳಿಯಿತು. ಕ್ರಮೇಣ ತಾಲ್ಲೂಕು ಕೇಂದ್ರವೂ ಅಲ್ಲಿಂದ ಕಲ್ಲೂರುಕಟ್ಟೆಗೆ ಹೋಗಿ, ಕಲ್ಲೂರುಕಟ್ಟೆಯೇ ಹೊಸನಗರವೆನಿಸಿತು. ಒಂದು ಕಾಲದ ರಾಜಧಾನಿ ಇಂದು ಒಂದು ಹಳ್ಳಿ. ಜನಸಂಖ್ಯೆಯು ನೆಲದ ಗುಣದಂತೆ ಸ್ಥಿರವಾದುದಲ್ಲ, ಆಡಳಿತದ ನಿರ್ಧಾರಗಳು ಅದನ್ನು ಏರಿಸುತ್ತವೆ, ಇಳಿಸುತ್ತವೆ ಎಂಬುದಕ್ಕೆ ಇದೊಂದು ಉದಾಹರಣೆ.

ಇಪ್ಪತ್ತನೆಯ ಶತಮಾನದ ಉದಾಹರಣೆ ಇನ್ನೂ ಸ್ಪಷ್ಟವಾಗಿದೆ. 1948ರಲ್ಲಿ ಶರಾವತಿಗೆ ಅಡ್ಡಲಾಗಿ ಮಡೆನೂರಿನಲ್ಲಿ ಹಿರೇಭಾಸ್ಕರ ಅಣೆಕಟ್ಟು ಬಂತು. 1964ರಲ್ಲಿ ಅದಕ್ಕಿಂತ ಎಷ್ಟೋ ದೊಡ್ಡದಾದ ಲಿಂಗನಮಕ್ಕಿ ಅಣೆಕಟ್ಟು ಮುಗಿದು, ಹಳೆಯ ಅಣೆಕಟ್ಟೇ ಅದರ ನೀರಿನಲ್ಲಿ ಮುಳುಗಿತು. ಇಂದಿಗೂ ಕಡು ಬೇಸಿಗೆಯಲ್ಲಿ ನೀರು ಇಳಿದಾಗ ಮಡೆನೂರಿನ ಕಟ್ಟೆ ತಲೆಯೆತ್ತಿ ಕಾಣುತ್ತದೆ. ಲಿಂಗನಮಕ್ಕಿಯ ಪೂರ್ಣ ಮಟ್ಟ 1,819 ಅಡಿ, ಸಂಗ್ರಹ ಸಾಮರ್ಥ್ಯ ಸುಮಾರು 151 ಟಿಎಂಸಿ. ಮುಳುಗಡೆಯಾದ ಪ್ರದೇಶ 300 ಚದರ ಕಿಲೋಮೀಟರಿಗೂ ಹೆಚ್ಚು. ಆ ಕಣಿವೆಯ ಗದ್ದೆ, ತೋಟ, ದೇವಸ್ಥಾನ, ಹಾದಿಗಳೆಲ್ಲ ನೀರಿನ ಅಡಿಗೆ ಸೇರಿದವು. ಜನರು ಲಾರಿಗಳಲ್ಲಿ ಸಾಮಾನು ಹೇರಿಕೊಂಡು ಜಿಲ್ಲೆಯ ಬೇರೆ ಬೇರೆ ಕಾಡುಗಳ ಅಂಚಿಗೆ ಹೋಗಿ ನೆಲೆಸಿದರು.

ಇಲ್ಲಿ ವಿದ್ಯಾರ್ಥಿಗಳು ಒಂದು ಸಣ್ಣ ಲೆಕ್ಕವನ್ನು ಗಮನಿಸಬೇಕು. ಜನಸಾಂದ್ರತೆ ಎಂದರೆ ಜನಸಂಖ್ಯೆಯನ್ನು ವಿಸ್ತೀರ್ಣದಿಂದ ಭಾಗಿಸಿದಾಗ ಬರುವ ಸಂಖ್ಯೆ. 2011ರಲ್ಲಿ ರಾಜ್ಯದ ಸಾಂದ್ರತೆ ಚದರ ಕಿಲೋಮೀಟರಿಗೆ 319, ಜಿಲ್ಲೆಯದು 207. ಸಾಗರ ಮತ್ತು ತೀರ್ಥಹಳ್ಳಿಗಳಲ್ಲಿ ಅದು ನೂರಕ್ಕಿಂತ ತುಸು ಹೆಚ್ಚು, ಹೊಸನಗರದಲ್ಲಿ ಸುಮಾರು 80. ಭಾಗಿಸುವ ವಿಸ್ತೀರ್ಣದಲ್ಲಿ ಜಲಾಶಯದ ನೀರೂ ಸೇರಿರುತ್ತದೆ. ಅಂದರೆ ಮುಳುಗಡೆಯು ಮೇಲಿನ ಅಂಕಿಯಿಂದ ಜನರನ್ನು ಕಳೆಯಿತು, ಕೆಳಗಿನ ಅಂಕಿಯಲ್ಲಿ ನೀರನ್ನು ಉಳಿಸಿಕೊಂಡಿತು. ಒಕ್ಕಲೆಬ್ಬಿಸಿದ ನೆಲವನ್ನೂ ಲೆಕ್ಕಕ್ಕೆ ಹಿಡಿದು, ಇಲ್ಲಿ ಜನ ವಿರಳ ಎಂದು ಹೇಳುವುದು ಎಷ್ಟರ ಮಟ್ಟಿಗೆ ನ್ಯಾಯ?

ಲಿಂಗನಮಕ್ಕಿಯೊಂದಿಗೆ ಕಥೆ ಮುಗಿಯಲಿಲ್ಲ. ತಳಕಳಲೆ, ಚಕ್ರಾ, ಸಾವೆಹಕ್ಲು, ಮಾಣಿ ಜಲಾಶಯಗಳೂ ಇದೇ ಮೂರು ತಾಲ್ಲೂಕುಗಳ ಸೀಮೆಯಲ್ಲಿವೆ. ಚಕ್ರಾ ಮತ್ತು ಸಾವೆಹಕ್ಲುಗಳ ನೀರು ಲಿಂಗನಮಕ್ಕಿಗೆ ಹರಿಯುತ್ತದೆ. ಮಾಣಿಯ ನೀರು ಘಟ್ಟದ ಕೆಳಗಿನ 460 ಮೆಗಾವಾಟ್ ಸಾಮರ್ಥ್ಯದ ವಾರಾಹಿ ಭೂಗರ್ಭ ವಿದ್ಯುದಾಗಾರಕ್ಕೆ ಹೋಗುತ್ತದೆ. ಶರಾವತಿ ವಿದ್ಯುದಾಗಾರದ ಸಾಮರ್ಥ್ಯ 1,035 ಮೆಗಾವಾಟ್. ರಾಜ್ಯದ ಊರೂರುಗಳಿಗೆ ದೀಪ ಕೊಟ್ಟ ನೀರು ಇದು. ಮನೆ ಬಿಟ್ಟು ಹೋದವರ ಪೈಕಿ ಅನೇಕರಿಗೆ ಕೊಟ್ಟ ಜಮೀನು ದಾಖಲೆಯಲ್ಲಿ ಅರಣ್ಯವಾಗಿಯೇ ಉಳಿಯಿತು. ಅದನ್ನು ಅರಣ್ಯದ ಪಟ್ಟಿಯಿಂದ ಬಿಡಿಸಲು ರಾಜ್ಯ ಸರ್ಕಾರ ಹೊರಡಿಸಿದ್ದ ಅಧಿಸೂಚನೆಗಳು, ಕೇಂದ್ರದ ಪೂರ್ವಾನುಮತಿ ಇಲ್ಲವೆಂಬ ಕಾರಣಕ್ಕೆ 2021ರಲ್ಲಿ ಹೈಕೋರ್ಟಿನಲ್ಲಿ ರದ್ದಾದವು. ಮುಳುಗಡೆಯಾಗಿ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಕಳೆದ ಮೇಲಿನ ಮಾತು ಇದು.

ನೀರಿನ ಆಚೆ ಉಳಿದವರ ಪಾಡು ಬೇರೆ. ಸಾಗರ ತಾಲ್ಲೂಕಿನ ತುಮರಿ ಭಾಗದ ಜನರು ಹಿನ್ನೀರಿನಿಂದಾಗಿ ತಮ್ಮದೇ ತಾಲ್ಲೂಕು ಕೇಂದ್ರದಿಂದ ಬೇರ್ಪಟ್ಟರು. ಹೊಳೆಬಾಗಿಲಿನ ಲಾಂಚ್ ಅವರ ಹೆದ್ದಾರಿಯಾಯಿತು. ರಾತ್ರಿ ಲಾಂಚ್ ನಿಂತ ಮೇಲೆ ಹೆರಿಗೆ ನೋವು ಬಂದರೂ, ಹಾವು ಕಚ್ಚಿದರೂ ಬಹು ದೂರದ ಸುತ್ತುದಾರಿಯೇ ಗತಿ. ಅಂಬಾರಗೋಡ್ಲು ಮತ್ತು ಕಳಸವಳ್ಳಿಗಳ ನಡುವಣ ಎರಡು ಕಿಲೋಮೀಟರಿಗೂ ಉದ್ದದ ಸೇತುವೆ 2025ರ ಜುಲೈ 14ರಂದು ಉದ್ಘಾಟನೆಯಾಯಿತು. ಲಿಂಗನಮಕ್ಕಿ ಮುಗಿದ 61 ವರ್ಷಗಳ ನಂತರ! ವಿದ್ಯುತ್ತು ಬೆಂಗಳೂರಿಗೆ ತಲುಪಲು ಇಷ್ಟು ವರ್ಷ ಬೇಕಾಗಲಿಲ್ಲ.

ಕೊಡುವಾಗ ಒಂದು ಅಳತೆ, ಪಡೆಯುವಾಗ ಇನ್ನೊಂದು

ಸರ್ಕಾರಿ ಸೌಲಭ್ಯಗಳನ್ನು ಸಾಮಾನ್ಯವಾಗಿ ತಲೆ ಎಣಿಸಿ ಹಂಚಲಾಗುತ್ತದೆ. ಪ್ರಾಥಮಿಕ ಆರೋಗ್ಯ ಕೇಂದ್ರವನ್ನೇ ನೋಡಬಹುದು. ರಾಷ್ಟ್ರೀಯ ಮಾನದಂಡದಂತೆ ಬಯಲು ಪ್ರದೇಶದಲ್ಲಿ 30,000 ಜನರಿಗೆ ಒಂದು ಕೇಂದ್ರ, ಗುಡ್ಡಗಾಡಿನಲ್ಲಿ 20,000 ಜನರಿಗೆ ಒಂದು. ಗುಡ್ಡಗಾಡಿಗೆ ರಿಯಾಯಿತಿ ಸಿಕ್ಕಿತೆಂದು ಸಮಾಧಾನ ಪಡುವ ಮೊದಲು ಲೆಕ್ಕ ಹಾಕಿ ನೋಡಬೇಕು. ಚದರ ಕಿಲೋಮೀಟರಿಗೆ 80 ಜನರಿರುವ ಹೊಸನಗರದಲ್ಲಿ 20,000 ಜನ 250 ಚದರ ಕಿಲೋಮೀಟರ್ ನೆಲದಲ್ಲಿ ಹರಡಿರುತ್ತಾರೆ. ಜಿಲ್ಲೆಯ ಉಳಿದ ನಾಲ್ಕು ತಾಲ್ಲೂಕುಗಳ ಸರಾಸರಿ ಸಾಂದ್ರತೆ 330ರ ಆಸುಪಾಸು, ಅಲ್ಲಿ 30,000 ಜನರಿಗೆ 90 ಚದರ ಕಿಲೋಮೀಟರ್ ಸಾಕು. ರಿಯಾಯಿತಿಯ ನಂತರವೂ ಮಲೆನಾಡಿನ ಒಂದು ಕೇಂದ್ರದ ಪಾಲಿಗೆ ಎರಡೂವರೆ ಪಟ್ಟಿಗೂ ಹೆಚ್ಚು ನೆಲ ಬರುತ್ತದೆ. ಆ ನೆಲದಲ್ಲಿ ಹೊಳೆಗಳಿವೆ, ಕಾಲುಸಂಕಗಳಿವೆ, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಕೊಚ್ಚಿಹೋಗುವ ಮಣ್ಣಿನ ರಸ್ತೆಗಳಿವೆ.

ಇದು ಬರಿಯ ಲೆಕ್ಕದ ಮಾತಲ್ಲ. ಮಂಗನ ಕಾಯಿಲೆಯನ್ನು ಮೊದಲು ಗುರುತಿಸಿದ್ದು 1957ರಲ್ಲಿ, ಪಕ್ಕದ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ. 2018ರ ಕೊನೆಯಿಂದ 2019ರವರೆಗೆ ಅದು ಸಾಗರ ತಾಲ್ಲೂಕಿನ ಅರಳಗೋಡು ಭಾಗದಲ್ಲಿ ಉಲ್ಬಣಿಸಿ ಜೀವಗಳನ್ನು ಬಲಿ ತೆಗೆದುಕೊಂಡಿತು. ಉಣ್ಣೆಗಳಿಂದ ಹರಡುವ ಈ ಜ್ವರ ಹೆಚ್ಚಾಗಿ ತಗಲುವುದು ಸೊಪ್ಪು, ಸೌದೆ, ದನಗಳ ಸಲುವಾಗಿ ಕಾಡಿಗೆ ಹೋಗುವವರಿಗೆ. ಕಾಡಿನ ಅಂಚಿನ ಚದುರಿದ ಮನೆಗಳಿಗೆ ಇಂಥ ಹೊತ್ತಿನಲ್ಲಿ ಬೇಕಾದದ್ದು ಹತ್ತಿರದ ಆಸ್ಪತ್ರೆ. ತಲೆ ಎಣಿಕೆಯ ಮಾನದಂಡ ಅದನ್ನು ದೂರ ಮಾಡುತ್ತದೆ.

ಮಕ್ಕಳ ಸಂಖ್ಯೆ ಕಡಿಮೆಯೆಂದು ಶಾಲೆಯನ್ನು ಇನ್ನೊಂದಕ್ಕೆ ವಿಲೀನಗೊಳಿಸುವಾಗಲೂ, ಪ್ರಯಾಣಿಕರಿಲ್ಲವೆಂದು ಬಸ್ಸನ್ನು ನಿಲ್ಲಿಸುವಾಗಲೂ ಇದೇ ತರ್ಕ. ಶಾಲೆ ಮುಚ್ಚಿದ ಊರಿನಿಂದ ಎಳೆಯ ಸಂಸಾರಗಳು ಪೇಟೆಗೆ ಹೋಗುತ್ತವೆ. ಅವರು ಹೋದ ಮೇಲೆ ಬಸ್ಸಿಗೆ ಜನ ಇನ್ನೂ ಕಡಿಮೆಯಾಗುತ್ತಾರೆ. ಒಂದು ಕೊರತೆ ಇನ್ನೊಂದಕ್ಕೆ ಕಾರಣವಾಗುತ್ತಾ ಹೋಗುತ್ತದೆ. 2001ರಿಂದ 2011ರ ನಡುವೆ ರಾಜ್ಯದ ಜನಸಂಖ್ಯೆ ಶೇಕಡಾ 15.6ರಷ್ಟು ಬೆಳೆದರೆ ಶಿವಮೊಗ್ಗ ಜಿಲ್ಲೆಯದು ಬೆಳೆದದ್ದು ಶೇಕಡಾ 6.7 ಮಾತ್ರ. ತೋಟದ ಮನೆಯಲ್ಲಿ ವಯಸ್ಸಾದ ಅಪ್ಪ ಅಮ್ಮ ಇಬ್ಬರೇ, ಮಕ್ಕಳು ಬೆಂಗಳೂರಿನಲ್ಲಿ, ಕೊನೆಕೊಯ್ಲಿಗೆ ಆಳುಗಳಿಲ್ಲ ಎಂಬುದು ಈ ಸಭೆಯಲ್ಲಿರುವ ಯಾರಿಗೂ ಹೊಸ ಸಂಗತಿಯಲ್ಲ.

ಪ್ರಾತಿನಿಧ್ಯದ ವಿಷಯದಲ್ಲೂ ಇದೇ ಆಗಿದೆ. ಮೊದಲು ಈ ಮೂರು ತಾಲ್ಲೂಕುಗಳಿಗೆ ಮೂರು ವಿಧಾನಸಭಾ ಕ್ಷೇತ್ರಗಳಿದ್ದವು. 2001ರ ಜನಗಣತಿಯ ಆಧಾರದ ಮೇಲೆ ನಡೆದು 2008ರಲ್ಲಿ ಜಾರಿಗೆ ಬಂದ ಮರುವಿಂಗಡಣೆಯಲ್ಲಿ ಹೊಸನಗರ ಕ್ಷೇತ್ರವೇ ಇಲ್ಲವಾಯಿತು. ಆ ತಾಲ್ಲೂಕು ಸಾಗರ ಮತ್ತು ತೀರ್ಥಹಳ್ಳಿ ಕ್ಷೇತ್ರಗಳ ನಡುವೆ ಹಂಚಿಹೋಯಿತು. ಐದು ಜಲಾಶಯಗಳ ಸೀಮೆಗೆ ಇದ್ದ ಮೂರು ದನಿಗಳು ಎರಡಾದವು.

ಈಗ ಇನ್ನೊಂದು ಮುಖ. ಪಶ್ಚಿಮಘಟ್ಟದ ಪರಿಸರಸೂಕ್ಷ್ಮ ಪ್ರದೇಶವನ್ನು ಗುರುತಿಸಲು 2013ರಲ್ಲಿ ವರದಿ ನೀಡಿದ ಕಸ್ತೂರಿರಂಗನ್ ಸಮಿತಿಯು ಸಹಜ ಅರಣ್ಯದ ಜೊತೆಗೆ ಜನಸಾಂದ್ರತೆಯನ್ನೂ ಒಂದು ಅಳತೆಯಾಗಿ ಬಳಸಿತು. ಚದರ ಕಿಲೋಮೀಟರಿಗೆ ನೂರಕ್ಕಿಂತ ಕಡಿಮೆ ಜನರಿರುವುದು ಒಂದು ಗಡಿರೇಖೆಯಾಯಿತು, ಇಡೀ ಗ್ರಾಮವೇ ಒಂದು ಘಟಕವಾಯಿತು. 2014ರಿಂದ ಮತ್ತೆ ಮತ್ತೆ ಹೊರಟ ಕರಡು ಅಧಿಸೂಚನೆಗಳಲ್ಲಿ ಆರನೆಯದು ಬಂದದ್ದು 2024ರ ಜುಲೈ 31ರಂದು. ಮೂರೂ ತಾಲ್ಲೂಕುಗಳ ಗ್ರಾಮಗಳು ಆ ಪಟ್ಟಿಯಲ್ಲಿವೆ. ಘಟ್ಟದ ಕಾಡು ಉಳಿಯಬೇಕೆಂಬುದರಲ್ಲಿ ಎರಡು ಮಾತಿಲ್ಲ. ಸಿಂಗಳೀಕಗಳ ನೆಲೆಯಾದ ಶರಾವತಿ ಕಣಿವೆಯ ಅಭಯಾರಣ್ಯವನ್ನು 2019ರಲ್ಲಿ 930 ಚದರ ಕಿಲೋಮೀಟರಿಗೆ ವಿಸ್ತರಿಸಿದ್ದರ ಹಿಂದೆಯೂ ಸಕಾರಣವಿದೆ. ಆದರೆ ಅದೇ ಅಭಯಾರಣ್ಯದ ಕಣಿವೆಯಲ್ಲಿ 2,000 ಮೆಗಾವಾಟ್‌ನ ಪಂಪ್ಡ್ ಸ್ಟೋರೇಜ್ ಯೋಜನೆ ಪ್ರಸ್ತಾಪವಾದಾಗ, 2019ರಲ್ಲಿ ಲಿಂಗನಮಕ್ಕಿಯ ನೀರನ್ನು ಬೆಂಗಳೂರಿಗೆ ಒಯ್ಯುವ ಮಾತು ಬಂದಾಗ, ಅದೇ ಸೂಕ್ಷ್ಮತೆ ಎಲ್ಲಿ ಹೋಯಿತು ಎಂದು ಹಳ್ಳಿಗರು ಕೇಳಿದರು. ಆ ವರ್ಷದ ಜುಲೈನಲ್ಲಿ ಇಡೀ ಜಿಲ್ಲೆ ಬಂದ್ ಆಚರಿಸಿ ನೀರಿನ ಯೋಜನೆಯನ್ನು ವಿರೋಧಿಸಿತು.

ಹೀಗೆ, ಸೌಲಭ್ಯ ಕೊಡುವಾಗ ಜನ ಕಡಿಮೆ ಎನ್ನುವುದು ನಿರಾಕರಣೆಗೆ ಕಾರಣವಾಗುತ್ತದೆ. ನೀರು, ವಿದ್ಯುತ್ತು, ನೆಲ ಪಡೆಯುವಾಗ ಅದೇ ಮಾತು ಅನುಕೂಲವಾಗುತ್ತದೆ. ಒಂದೇ ಅಂಕಿ ಎರಡು ಕಡೆಯಿಂದಲೂ ಮಲೆನಾಡಿಗೆ ಹೊರೆಯಾಗಿದೆ.

ಬೇರೆ ಅಳತೆ ಸಾಧ್ಯವಿಲ್ಲವೇ?

ಸಾಧ್ಯವಿದೆ, ಮತ್ತು ಕಾನೂನಿನಲ್ಲಿಯೇ ಅದಕ್ಕೆ ಆಧಾರವಿದೆ. 1993ರ ಕರ್ನಾಟಕ ಪಂಚಾಯತ್ ರಾಜ್ ಕಾಯ್ದೆಯು ಗ್ರಾಮ ಪಂಚಾಯತಿಗೆ 5,000ದಿಂದ 7,000 ಜನಸಂಖ್ಯೆಯನ್ನು ಗೊತ್ತುಮಾಡಿತು. ಆದರೆ ಶಿವಮೊಗ್ಗ, ಚಿಕ್ಕಮಗಳೂರು, ಉತ್ತರ ಕನ್ನಡ, ಕೊಡಗು ಮುಂತಾದ ಜಿಲ್ಲೆಗಳಲ್ಲಿ 2,500 ಜನರಿದ್ದರೂ ಸಾಕೆಂದು ವಿನಾಯಿತಿ ನೀಡಿತು. ಚದುರಿದ ವಸತಿಗೆ ಬಯಲಿನ ಅಳತೆ ಒಗ್ಗದು ಎಂಬ ತತ್ತ್ವವನ್ನು ಶಾಸನಸಭೆ ಅಂದೇ ಒಪ್ಪಿದೆ. ಅದೇ ತತ್ತ್ವವನ್ನು ಶಾಲೆಗೆ, ಆಸ್ಪತ್ರೆಗೆ, ಬಸ್ಸಿಗೆ, ಕಾಲುಸಂಕಕ್ಕೆ ಅನ್ವಯಿಸಬೇಕೆಂದು ಕೇಳುವುದು ಭಿಕ್ಷೆಯಲ್ಲ. ಎಷ್ಟು ಜನ ಎಂಬುದರ ಜೊತೆಗೆ ಎಷ್ಟು ದೂರ, ಎಷ್ಟು ಹೊಳೆ, ಎಷ್ಟು ತಿಂಗಳು ರಸ್ತೆ ಬಂದ್ ಎಂಬುದೂ ಮಾನದಂಡದಲ್ಲಿ ಸೇರಬೇಕು.

ಇದಕ್ಕೆ ಈಗ ಒಂದು ಸಂದರ್ಭವೂ ಒದಗಿದೆ. 2021ರಲ್ಲಿ ನಡೆಯಬೇಕಿದ್ದ ಜನಗಣತಿ ನಡೆಯಲಿಲ್ಲ. ಮುಂದಿನ ಜನಗಣತಿಗೆ 2027ರ ಮಾರ್ಚ್ 1ನ್ನು ಆಧಾರ ದಿನವೆಂದು ಕೇಂದ್ರ ಸರ್ಕಾರದ 2025ರ ಜೂನ್ ತಿಂಗಳ ಅಧಿಸೂಚನೆ ಗೊತ್ತುಪಡಿಸಿದೆ. ಊರು ಬಿಟ್ಟು ಹೋದ ಮಕ್ಕಳು ತಾವು ವಾಸಿಸುವ ನಗರದ ಲೆಕ್ಕಕ್ಕೆ ಸೇರುತ್ತಾರೆ. ಆದ್ದರಿಂದ ಮಲೆನಾಡಿನ ಅಂಕಿಗಳು ಹೆಚ್ಚು ಬೆಳೆದಿರಲಾರವು. ಅಂಕಿಯನ್ನು ಹಿಗ್ಗಿಸಲು ಯಾರೂ ಯತ್ನಿಸಬೇಕಾಗಿಲ್ಲ. ಇರುವವರು ಬಿಟ್ಟುಹೋಗದಂತೆ ನೋಡಿಕೊಂಡರೆ ಸಾಕು. ಕಾಡಿನೊಳಗಿನ ಹಸಲರ ಕೇರಿ, ಹಿನ್ನೀರಿನಾಚೆಯ ಕುಣಬಿಗಳ ಮನೆ, ಹಕ್ಕುಪತ್ರವಿಲ್ಲದ ಮುಳುಗಡೆ ಸಂತ್ರಸ್ತರ ಗುಡಿಸಲು ಇವು ಎಣಿಕೆದಾರರಿಗೆ ಸುಲಭವಾಗಿ ಕಾಣುವ ಸ್ಥಳಗಳಲ್ಲ. ಅಲ್ಲಿಗೆ ದಾರಿ ತೋರುವವರು ಊರಿನವರೇ ಆಗಬೇಕು.

ಜನಗಣತಿ ಎಣಿಸದಿರುವುದನ್ನು ಗ್ರಾಮವೇ ಎಣಿಸಬಹುದು. ಪ್ರತಿಯೊಂದು ಮಜರೆಯ ಹೆಸರು, ಮನೆಗಳು, ಅಲ್ಲಿಂದ ಶಾಲೆಗೆ ಮತ್ತು ಆಸ್ಪತ್ರೆಗೆ ನಡೆಯುವ ದೂರ, ದಾಟಬೇಕಾದ ಹಳ್ಳಗಳು, ಬೇಸಿಗೆಯಲ್ಲಿ ಬತ್ತುವ ಮತ್ತು ಬತ್ತದ ಒರತೆಗಳು, ಒಂಟಿಯಾಗಿ ಉಳಿದ ವೃದ್ಧರು, ಕಾನು ಮತ್ತು ಸೊಪ್ಪಿನಬೆಟ್ಟದ ಈಗಿನ ಸ್ಥಿತಿ ಇಷ್ಟನ್ನು ಹೈಸ್ಕೂಲಿನ ವಿದ್ಯಾರ್ಥಿಗಳು ಒಂದು ಬೇಸಿಗೆ ರಜೆಯಲ್ಲಿ ಬರೆದಿಡಬಲ್ಲರು. 2002ರ ಜೀವವೈವಿಧ್ಯ ಕಾಯ್ದೆಯು ಪಂಚಾಯತಿಗಳಲ್ಲಿ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕೆಂದು ವಿಧಿಸಿದೆ. ಜನರೇ ತಯಾರಿಸುವ ಜೀವವೈವಿಧ್ಯ ದಾಖಲಾತಿಗೂ ಅದರಡಿ ಅವಕಾಶವಿದೆ. ಈ ಎರಡು ಪುಸ್ತಕಗಳನ್ನು ಒಟ್ಟಿಗೆ ಇಟ್ಟು, ಗ್ರಾಮಸಭೆಯಲ್ಲಿ ಓದಿ, ಠರಾವಿನ ಮೂಲಕ ಒಪ್ಪಿಕೊಂಡರೆ ಅದು ದಾಖಲೆಯಾಗುತ್ತದೆ. ಶಾಲೆಯನ್ನು ಮುಚ್ಚುವ ಆದೇಶ ಬಂದ ದಿನವೋ, ಹೊಸ ಯೋಜನೆಯ ಅಹವಾಲು ಸಭೆ ನಡೆಯುವ ದಿನವೋ ಮೇಜಿನ ಮೇಲೆ ಇಡಲು ಊರಿನ ಕೈಯಲ್ಲಿ ಒಂದು ಪುಸ್ತಕವಿರುತ್ತದೆ. ಬರಿ ಕೈಯಲ್ಲಿ ಹೋದವರ ಮಾತು ಕೂಗಾಗಿ ಮಾತ್ರ ಕೇಳಿಸಿತು ಎಂಬುದನ್ನು ಮುಳುಗಡೆಯ ತಲೆಮಾರು ತನ್ನ ಅನುಭವದಿಂದ ಬಲ್ಲದು.

1,819 ಅಡಿಯವರೆಗೆ ನೀರು ಬರುತ್ತದೆ ಎಂಬ ಲೆಕ್ಕ ಅಣೆಕಟ್ಟು ಕಟ್ಟುವವರಲ್ಲಿ ಮೊದಲೇ ಇತ್ತು. ಆ ಮಟ್ಟದ ಕೆಳಗೆ ಏನೇನಿದೆ ಎಂಬ ಲೆಕ್ಕವನ್ನು ಆ ಊರುಗಳು ತಮ್ಮ ಕೈಯಲ್ಲಿ ಬರೆದಿಟ್ಟುಕೊಂಡಿರಲಿಲ್ಲ. ಮುಂದಿನ ಮಳೆಗಾಲ ಹಿಡಿಯುವ ಮುನ್ನ ಪ್ರತಿ ಊರಿನಲ್ಲಿ ಒಂದು ನೋಟುಪುಸ್ತಕ ತೆರೆದರೆ ಈ ಸಭೆ ಸೇರಿದ್ದು ಸಾರ್ಥಕ.